ಬರೀ ಹಲ್ಲು ನೋಡಿ ಶಾರ್ಕ್ ಹೇಗಿತ್ತು ಅಂತ ಹೇಳಬಹುದಾ?

ಶಾರ್ಕ್ ಮೈಯಲ್ಲಿ ಮೂಳೆ ಇಲ್ಲ. ತಲೆಬುರುಡೆ, ದವಡೆ, ಬೆನ್ನಿನ ಸರ ಎಲ್ಲವೂ ಮೃದ್ವಸ್ಥಿ. ನಮ್ಮ ಮೂಗಿನ ತುದಿ, ಕಿವಿಯ ಮೇಲಂಚು ಹಿಡಿದು ಬಗ್ಗಿಸಿದರೆ ಬಗ್ಗುತ್ತದಲ್ಲ, ಆ ವಸ್ತು. ಶಾರ್ಕ್ ಸತ್ತು ಸಮುದ್ರದ ತಳ ಸೇರಿದರೆ ಇದೆಲ್ಲ ಸಾಮಾನ್ಯವಾಗಿ ಕೊಳೆತು ಚದುರಿಹೋಗುತ್ತದೆ. ಉಳಿಯುವುದು ಹಲ್ಲು. 40 ಕೋಟಿ ವರ್ಷಕ್ಕೂ ಹಿಂದಕ್ಕೆ ಹೋಗುವ ಶಾರ್ಕ್ ವಂಶದ ಬಗ್ಗೆ ನಮಗೆ ಗೊತ್ತಿರುವುದರಲ್ಲಿ ಬಹುಪಾಲು ಹಲ್ಲಿನಿಂದಲೇ ಗೊತ್ತಾಗಿದ್ದು.

ಅಷ್ಟು ಚಿಕ್ಕ ಸಾಕ್ಷಿಯಿಂದ ಅಷ್ಟು ದೊಡ್ಡ ಪ್ರಾಣಿಯ ಬಗ್ಗೆ ಎಷ್ಟು ಹೇಳಬಹುದು? ಇಷ್ಟು ದಿನ ಈ ವಿಷಯ ಓದುತ್ತಾ ನನಗೆ ಅನ್ನಿಸಿದ್ದು ಇದು: ಊಟದ ವಿಷಯದಲ್ಲಿ ಹಲ್ಲು ಸಾಮಾನ್ಯವಾಗಿ ನಿಜವನ್ನೇ ಹೇಳುತ್ತದೆ. ಮೈಯ ವಿಷಯದಲ್ಲಿ ಮಾತ್ರ ಅದನ್ನು ನಂಬಿ ಕೆಟ್ಟವರು ತುಂಬಾ ಜನ.

ಮೊದಲು, ಇಷ್ಟೊಂದು ಹಲ್ಲು ಎಲ್ಲಿಂದ ಬರುತ್ತವೆ ಅನ್ನೋದನ್ನು ನೋಡೋಣ. ನಮಗೆ ಹಾಲುಹಲ್ಲು ಬಿದ್ದ ಮೇಲೆ ಇನ್ನೊಂದೇ ಸಲ ಹಲ್ಲು ಬರುತ್ತದೆ. ಶಾರ್ಕ್‌ಗೆ ಹಾಗಲ್ಲ. ಅದರ ಹಲ್ಲು ದವಡೆಯೊಳಗೆ ಗುಳಿಯಲ್ಲಿ ಕೂತಿರುವುದಿಲ್ಲ. ವಸಡಿನ ನಾರುಗಳಷ್ಟೇ ಅದನ್ನು ಹಿಡಿದಿರುತ್ತವೆ. ಮುಂದಿನ ಸಾಲಿನ ಹಿಂದೆ ಎರಡನೆಯದು, ಅದರ ಹಿಂದೆ ಮೂರನೆಯದು ಹೀಗೆ ಸಾಲುಸಾಲಾಗಿ ಹೊಸ ಹಲ್ಲುಗಳು ಮಲಗಿರುತ್ತವೆ. ಮುಂದಿನದು ಉದುರಿದ ಹಾಗೆ ಹಿಂದಿನದು ಎದ್ದು ಮುಂದೆ ಸರಿಯುತ್ತದೆ. ಲೆಮನ್ ಶಾರ್ಕ್‌ನ ಮರಿಗಳಲ್ಲಿ ಮುಂದಿನ ಹಲ್ಲು ಸುಮಾರು 8 ದಿನಕ್ಕೊಮ್ಮೆ ಬದಲಾಗುವುದನ್ನು ಲೆಕ್ಕ ಹಾಕಿದ್ದಾರೆ. ಕೆಲವು ಜಾತಿಗಳು ಜೀವಮಾನದಲ್ಲಿ ಇಪ್ಪತ್ತು ಸಾವಿರಕ್ಕೂ ಜಾಸ್ತಿ ಹಲ್ಲು ಉದುರಿಸುತ್ತವೆ. ಒಂದು ಶಾರ್ಕ್ ಸಾಯುವುದು ಒಂದೇ ಸಲ, ಆದರೆ ಪಳೆಯುಳಿಕೆಯಾಗಲು ಅದಕ್ಕೆ ಸಾವಿರಾರು ಅವಕಾಶ ಸಿಗುತ್ತವೆ.

ಉದುರಿದ ಹಲ್ಲು ಬಾಳಿಕೆಯದ್ದೂ ಹೌದು. ಹೊರಪದರ ಫ್ಲೋರಿನ್ ಇರುವ ಒಂದು ಬಗೆಯ ಕ್ಯಾಲ್ಸಿಯಂ ಫಾಸ್ಫೇಟ್. ನಾವು ದುಡ್ಡು ಕೊಟ್ಟು ಟೂತ್‌ಪೇಸ್ಟ್‌ನಲ್ಲಿ ತರುವ ಫ್ಲೋರೈಡ್ ಶಾರ್ಕ್ ಹಲ್ಲಿನಲ್ಲಿ ಹುಟ್ಟಿನಿಂದಲೇ ಇರುತ್ತದೆ. ಹಾಗಂತ ಅದು ನಮ್ಮ ಹಲ್ಲಿಗಿಂತ ಗಟ್ಟಿ ಅಂದುಕೊಳ್ಳಬೇಡಿ. 2012ರಲ್ಲಿ ಅಳೆದು ನೋಡಿದಾಗ ಎರಡರ ಗಡಸುತನವೂ ಹೆಚ್ಚುಕಡಿಮೆ ಒಂದೇ ಆಗಿತ್ತು. ಕೆಸರಿನಲ್ಲಿ ಹೂತ ಹಲ್ಲು ಸುತ್ತಲಿನ ಖನಿಜ ಹೀರಿಕೊಂಡು ಕಪ್ಪು, ಕಂದು, ಬೂದು ಬಣ್ಣಕ್ಕೆ ತಿರುಗುತ್ತದೆ. ಕಪ್ಪಾದಷ್ಟೂ ಹಳೆಯದು ಎಂಬ ಮಾತು ಸುಳ್ಳು. ಬಣ್ಣ ಹೇಳುವುದು ಮಣ್ಣಿನ ಗುಣವನ್ನು, ವಯಸ್ಸನ್ನಲ್ಲ.

ಈ ಕಲ್ಲಿನಂಥ ವಸ್ತು ಹಲ್ಲು ಎಂದು ಒಪ್ಪಿಕೊಳ್ಳುವುದಕ್ಕೇ ಯುರೋಪಿನವರಿಗೆ ಬಹಳ ಕಾಲ ಹಿಡಿಯಿತು. ಇವು ಚಂದ್ರಗ್ರಹಣದ ಹೊತ್ತಿಗೆ ಆಕಾಶದಿಂದ ಬೀಳುತ್ತವೆ ಎಂಬ ನಂಬಿಕೆಯನ್ನು ರೋಮನ್ ಲೇಖಕ ಪ್ಲಿನಿ ಬರೆದಿಟ್ಟಿದ್ದ. ಮಾಲ್ಟಾ ದ್ವೀಪದ ಬಂಡೆಗಳಲ್ಲಿ ಇವು ರಾಶಿರಾಶಿ ಸಿಗುತ್ತಿದ್ದವು. ಸಂತ ಪೌಲನಿಗೆ ಅಲ್ಲಿ ಹಾವು ಕಚ್ಚಿದಾಗ ಅವನು ಶಾಪ ಕೊಟ್ಟು, ದ್ವೀಪದ ಹಾವುಗಳ ನಾಲಿಗೆಗಳೆಲ್ಲ ಕಲ್ಲಾದವು ಎಂಬುದು ಅಲ್ಲಿನ ಕಥೆ. ಹಾಗಾಗಿ ಇವಕ್ಕೆ 'ನಾಲಿಗೆ ಕಲ್ಲು' ಎಂದೇ ಹೆಸರು. ವಿಷಕ್ಕೆ ಮದ್ದು ಎಂದು ದ್ರಾಕ್ಷಾರಸದಲ್ಲಿ ಅದ್ದಿ ಕುಡಿಯುವವರೂ ಇದ್ದರು.

1666ರಲ್ಲಿ ಇಟಲಿಯ ಲಿವೊರ್ನೊ ಬಳಿ ಮೀನುಗಾರರಿಗೆ ಒಂದು ಭಾರೀ ಶಾರ್ಕ್ ಸಿಕ್ಕಿತು. ಟಸ್ಕನಿಯ ದೊರೆ ಎರಡನೇ ಫರ್ಡಿನಾಂಡೊ ಅದರ ತಲೆಯನ್ನು ಫ್ಲಾರೆನ್ಸ್‌ಗೆ ತರಿಸಿ, ತನ್ನ ಆಸ್ಥಾನದಲ್ಲಿದ್ದ ಡೆನ್ಮಾರ್ಕಿನ ಅಂಗರಚನಾ ತಜ್ಞ ನಿಕೊಲಸ್ ಸ್ಟೆನೊ ಕೈಗೆ ಕೊಟ್ಟ. ಸ್ಟೆನೊ ಬಾಯಿ ಬಿಡಿಸಿ ನೋಡಿದ. ನಾಲಿಗೆ ಕಲ್ಲುಗಳಿಗೂ ಈ ಹಲ್ಲುಗಳಿಗೂ ಆಕಾರದಲ್ಲಿ ವ್ಯತ್ಯಾಸವೇ ಇರಲಿಲ್ಲ. ಈ ಮಾತನ್ನು ಇಟಲಿಯ ಫಾಬಿಯೊ ಕೊಲೊನ್ನಾ 1616ರಲ್ಲೇ ಹೇಳಿದ್ದ. ಸ್ಟೆನೊ ಅಲ್ಲಿಗೆ ನಿಲ್ಲಲಿಲ್ಲ ಎಂಬುದು ಮುಖ್ಯ. ಹಲ್ಲು ಗಟ್ಟಿ ಬಂಡೆಯ ಒಳಗೆ ಹೋಗಿದ್ದು ಹೇಗೆ ಎಂದು ಕೇಳಿದ. ಬಂಡೆ ಒಂದು ಕಾಲಕ್ಕೆ ಮೆತ್ತನೆಯ ಕೆಸರಾಗಿತ್ತು, ಪದರದ ಮೇಲೆ ಪದರ ಕೂತಿತು, ಕೆಳಗಿನ ಪದರ ಮೇಲಿನದಕ್ಕಿಂತ ಹಳೆಯದು ಎಂಬ ಉತ್ತರಕ್ಕೆ ಬಂದ. 1669ರಲ್ಲಿ ಅವನು ಪ್ರಕಟಿಸಿದ ಈ ವಿಚಾರವನ್ನೇ ಇವತ್ತಿಗೂ ಭೂವಿಜ್ಞಾನದ ಮೊದಲ ಪಾಠದಲ್ಲಿ ಹೇಳಿಕೊಡುತ್ತಾರೆ.

ಈಗ ಒಂದು ಹಲ್ಲನ್ನು ಹತ್ತಿರದಿಂದ ನೋಡೋಣ. ಈಗ ಅಳಿದುಹೋಗಿರುವ ಮೆಗಲೊಡಾನ್ ಎಂಬ ದೈತ್ಯ ಶಾರ್ಕ್‌ನ 12-13 ಸೆಂಟಿಮೀಟರ್ ಹಲ್ಲು ಎಂದುಕೊಳ್ಳಿ. ಅಂಗೈ ತುಂಬುತ್ತದೆ, ಕೈಗೆ ಭಾರ ಗೊತ್ತಾಗುತ್ತದೆ. ಮೇಲ್ಭಾಗದಲ್ಲಿ ಎರಡು ಕವಲಾಗಿ ಚಾಚಿರುವ, ಒರಟಾದ, ಹೊಳಪಿಲ್ಲದ ಭಾಗ ಬೇರು. ವಸಡಿನೊಳಗೆ ಇರುತ್ತಿದ್ದದ್ದು ಇದು. ಕೆಳಗಿನ ತ್ರಿಕೋನ ನುಣುಪಾಗಿ ಹೊಳೆಯುತ್ತದೆ. ಎರಡರ ನಡುವೆ, ಒಂದು ಬದಿಯಲ್ಲಿ ಮಾತ್ರ, ಕಪ್ಪನೆಯ ಪಟ್ಟಿಯೊಂದಿದೆ. ಆ ಬದಿ ಸ್ವಲ್ಪ ಉಬ್ಬಿರುತ್ತದೆ, ಅದು ನಾಲಿಗೆಯ ಕಡೆಗಿದ್ದ ಮುಖ. ಇನ್ನೊಂದು ಬದಿ ಚಪ್ಪಟೆ, ಅದು ಹೊರಗಿನ ಮುಖ. ಅಂಚಿನ ಮೇಲೆ ಉಗುರು ಎಳೆದರೆ ಸಣ್ಣಸಣ್ಣ ಗರಗಸದ ಹಲ್ಲುಗಳು ಒಂದೇ ಸಮನಾಗಿ ತಾಕುತ್ತವೆ. ತುದಿ ಚಕ್ಕೆ ಎದ್ದು ಮೊಂಡಾಗಿದ್ದರೆ, ಅದು ತಿನ್ನುವಾಗ ಏನೋ ಗಟ್ಟಿಯಾದದ್ದಕ್ಕೆ ಬಡಿದ ಗುರುತಿರಬಹುದು. ಮೆಗಲೊಡಾನ್ ಕಚ್ಚಿದ ಗುರುತಿರುವ ತಿಮಿಂಗಿಲದ ಮೂಳೆಗಳೂ ಸಿಕ್ಕಿವೆ.

ಗರಗಸದ ಅಂಚಿನ ಅಗಲ ತ್ರಿಕೋನ ದೊಡ್ಡ ಪ್ರಾಣಿಯ ಮಾಂಸ ಕತ್ತರಿಸಲು. ಉದ್ದನೆಯ ಸಪೂರ ಹಲ್ಲು ಜಾರುವ ಮೀನನ್ನು ಚುಚ್ಚಿ ಹಿಡಿಯಲು. ಅಗಲವಾಗಿ ಚಪ್ಪಟೆಯಾಗಿದ್ದರೆ ಚಿಪ್ಪು ಒಡೆಯಲು. ಊಟ ಏನು ಎಂಬುದು ಇಷ್ಟರಿಂದಲೇ ಮುಕ್ಕಾಲು ಪಾಲು ತಿಳಿಯುತ್ತದೆ. ಕೆಲವು ಸಲ ಊಹೆಯೂ ಬೇಕಾಗುವುದಿಲ್ಲ. ಅಮೆರಿಕದ ಕಾನ್ಸಾಸ್‌ನಲ್ಲಿ ಸಿಕ್ಕ ಟೆರನೊಡಾನ್ ಎಂಬ ಹಾರುವ ಸರೀಸೃಪದ ಕತ್ತಿನ ಮೂಳೆಗೆ ಒತ್ತಿಕೊಂಡೇ ಒಂದು ಶಾರ್ಕ್ ಹಲ್ಲಿದೆ. ಹಲ್ಲು ಕ್ರೆಟೊಕ್ಸಿರೈನ ಎಂಬ ದೊಡ್ಡ ಶಾರ್ಕ್‌ನದು ಎಂದು 2018ರಲ್ಲಿ ಗುರುತಿಸಿದರು. ನೀರಿಗೆ ಇಳಿದಿದ್ದ ಜೀವಂತ ಟೆರನೊಡಾನನ್ನು ಹಿಡಿಯಿತೋ, ತೇಲುತ್ತಿದ್ದ ಹೆಣಕ್ಕೆ ಬಾಯಿ ಹಾಕಿತೋ, ಅದನ್ನು ಮಾತ್ರ ಹಲ್ಲು ಹೇಳುವುದಿಲ್ಲ.

ತೊಡಕು ಶುರುವಾಗುವುದು ಹೆಸರಿಡುವಾಗ. ಒಂದೇ ಶಾರ್ಕ್‌ನ ಬಾಯಲ್ಲಿ ಮುಂದಿನ ಹಲ್ಲು ನೇರ, ಪಕ್ಕದ್ದು ಓರೆ, ಮೂಲೆಯದ್ದು ಪುಟಾಣಿ. ಮೇಲಿನ ದವಡೆಯದ್ದು ಅಗಲ, ಕೆಳಗಿನದು ಸಪೂರ. ಮರಿಯ ಹಲ್ಲು ಒಂದು ಥರ, ದೊಡ್ಡದರದ್ದು ಇನ್ನೊಂದು ಥರ. ಇವೆಲ್ಲ ಉದುರಿ, ಚದುರಿ, ಬೇರೆಬೇರೆಯವರ ಕೈಗೆ ಸಿಕ್ಕರೆ ಏನಾಗುತ್ತದೆ? ಒಂದೇ ಪ್ರಾಣಿಗೆ ನಾಲ್ಕಾರು ಹೆಸರು ಬೀಳುತ್ತವೆ. ಹತ್ತೊಂಬತ್ತನೇ ಶತಮಾನದಲ್ಲಿ ಇಟ್ಟ ಹೆಸರುಗಳನ್ನು ಬಿಡಿಸುವ ಕೆಲಸ ಇನ್ನೂ ಮುಗಿದಿಲ್ಲ.

ಆದರೆ ಹಲ್ಲು ಜನರನ್ನು ನಿಜವಾಗಿ ಆಟ ಆಡಿಸಿದ್ದು ಹೆಲಿಕೊಪ್ರಿಯಾನ್ ಎಂಬ ಸಮುದ್ರ ಪ್ರಾಣಿಯ ವಿಷಯದಲ್ಲಿ.

ಇದರ ಪಳೆಯುಳಿಕೆ ನೋಡಲು ಥೇಟ್ ಮುಳ್ಳು ಚಕ್ಕುಲಿ. ಸುತ್ತಿಗೆ ಮೇಲೆ ಸುತ್ತು, ಹೊರಗಡೆಗೆ ಚಾಚಿದ ಚೂಪು ಹಲ್ಲುಗಳು, ಎಲ್ಲದರ ಬೇರೂ ಒಂದಕ್ಕೊಂದು ಬೆಸೆದು ಒಂದೇ ಪಟ್ಟಿಯಾಗಿದೆ. ಒಳಸುತ್ತಿನ ಹಲ್ಲು ಚಿಕ್ಕದು, ಹೊರಗೆ ಬಂದಂತೆ ದೊಡ್ಡದು. 1899ರಲ್ಲಿ ರಷ್ಯಾದ ಅಲೆಕ್ಸಾಂಡರ್ ಕಾರ್ಪಿನ್‌ಸ್ಕಿ ಉರಾಲ್ ಬೆಟ್ಟಗಳ ಕಡೆ ಸಿಕ್ಕ ಇಂಥ ಸುರುಳಿಗಳಿಗೆ ಈ ಹೆಸರಿಟ್ಟರು. ಪ್ರಾಣಿ ಬದುಕಿದ್ದು ಸುಮಾರು 27 ಕೋಟಿ ವರ್ಷಗಳ ಹಿಂದೆ, ಡೈನೊಸಾರ್‌ಗಳು ಹುಟ್ಟುವುದಕ್ಕೂ ತುಂಬಾ ಮೊದಲು. ಆಸ್ಟ್ರೇಲಿಯಾ, ಅಮೆರಿಕ, ಕೆನಡಾ, ಜಪಾನ್, ಚೀನಾಗಳಲ್ಲೂ ಇಂಥವು ಸಿಕ್ಕವು. ಎಲ್ಲ ಕಡೆ ಸಿಕ್ಕಿದ್ದು ಸುರುಳಿ ಮಾತ್ರ. ಅದು ಮೈಯಲ್ಲಿ ಎಲ್ಲಿತ್ತು ಎಂಬುದಕ್ಕೆ ಒಂದು ತುಣುಕು ಸುಳಿವೂ ಇರಲಿಲ್ಲ.

ಕಾರ್ಪಿನ್‌ಸ್ಕಿ ಅದನ್ನು ಮೂತಿಯ ಮೇಲೆ, ಆನೆಯ ಸೊಂಡಿಲು ಎತ್ತಿ ಸುತ್ತಿದ ಹಾಗೆ ಇಟ್ಟರು. ಇನ್ನೊಬ್ಬರು ಬಾಲದ ತುದಿಗೆ ಅಂಟಿಸಿದರು. ಬೆನ್ನಿನ ರೆಕ್ಕೆಯ ಮೇಲೆ ಕೂರಿಸಿದ ಚಿತ್ರಗಳೂ ಇವೆ. ಕೆಳದವಡೆಯ ತುದಿಯಿಂದ ಕೆಳಗೆ ನೇತಾಡುವಂತೆ ಬರೆದವರೂ ಇದ್ದರು. ಹೀಗೆ ನೂರು ವರ್ಷಕ್ಕೂ ಜಾಸ್ತಿ ನಡೆಯಿತು. ಆ ಹಳೆಯ ಚಿತ್ರಗಳನ್ನು ನೋಡಿ ಈಗ ನಗು ಬರಬಹುದು. ಆದರೆ ಕೈಯಲ್ಲಿ ಬರೀ ಸುರುಳಿ ಇಟ್ಟುಕೊಂಡು ಮಿಕ್ಕ ನಾಲ್ಕು ಮೀಟರ್ ಪ್ರಾಣಿಯನ್ನು ಬರೆಯಿರಿ ಅಂದರೆ ನಾವು ಮಾಡುತ್ತಿದ್ದದ್ದೂ ಅಷ್ಟೇ ಅಲ್ವಾ?

ಬಿಡುಗಡೆ ಸಿಕ್ಕಿದ್ದು ಅಮೆರಿಕದ ಐಡಹೊದಿಂದ. ಅಲ್ಲಿನ ಒಂದು ಫಾಸ್ಫೇಟ್ ಗಣಿಯಲ್ಲಿ 1950ರಲ್ಲಿ ಸಿಕ್ಕ ಕಲ್ಲೊಂದರಲ್ಲಿ 117 ಹಲ್ಲುಗಳ ಸುರುಳಿ ಇತ್ತು. ಅಪರೂಪಕ್ಕೆ, ಸುರುಳಿಯ ಅಕ್ಕಪಕ್ಕ ಮೃದ್ವಸ್ಥಿಯೂ ಉಳಿದಿತ್ತು. ಡೆನ್ಮಾರ್ಕಿನ ಬೆಂಡಿಕ್ಸ್-ಆಲ್ಮ್‌ಗ್ರೀನ್ 1966ರಲ್ಲಿ ಇದನ್ನು ವಿವರಿಸಿದರು. ಆದರೆ ಕಲ್ಲು ಒಡೆಯದೆ ಒಳಗೆ ನೋಡುವ ದಾರಿ ಆಗ ಇರಲಿಲ್ಲ. ಮುಂದೆ ಐಡಹೊ ಸ್ಟೇಟ್ ಯೂನಿವರ್ಸಿಟಿಯ ಲೀಫ್ ಟಪನಿಲ ಮತ್ತು ಸಂಗಡಿಗರು ಅದೇ ಕಲ್ಲನ್ನು ಸಿಟಿ ಸ್ಕ್ಯಾನ್ ಮಾಡಿಸಿದರು. 2013ರಲ್ಲಿ ಫಲಿತಾಂಶ ಬಂತು. ಒಳಗೆ ಎರಡು ದವಡೆಯೂ ಇದ್ದವು. ಸುರುಳಿ ಕೂತಿದ್ದದ್ದು ಕೆಳದವಡೆಯ ನಡುಮಧ್ಯೆ, ನಾಲಿಗೆ ಇರಬೇಕಾದ ಜಾಗದಲ್ಲಿ. ದವಡೆಯ ಉದ್ದಕ್ಕೂ ಅದೇ ತುಂಬಿಕೊಂಡಿತ್ತು.

ಅದು ಕೆಲಸ ಮಾಡುತ್ತಿದ್ದ ರೀತಿಯೂ ವಿಚಿತ್ರ. ಈಗಿನ ಶಾರ್ಕ್ ಹಳೆಯ ಹಲ್ಲನ್ನು ಬಿಸಾಡುತ್ತದೆ. ಹೆಲಿಕೊಪ್ರಿಯಾನ್ ಒಂದನ್ನೂ ಬಿಸಾಡಲಿಲ್ಲ. ಹೊಸ ಹಲ್ಲು ದವಡೆಯ ಹಿಂಭಾಗದಲ್ಲಿ ಹುಟ್ಟುತ್ತಿತ್ತು. ಹಳೆಯವು ಮುಂದಕ್ಕೆ ತಳ್ಳಿಸಿಕೊಂಡು, ಕೆಳಗಿಳಿದು, ಮೃದ್ವಸ್ಥಿಯ ಒಳಗೆ ಸುತ್ತಿಕೊಳ್ಳುತ್ತಿದ್ದವು. ಹಾಗಾಗಿ ಸುರುಳಿಯ ನಟ್ಟನಡುವಿನ ಪುಟ್ಟ ಹಲ್ಲುಗಳು ಅದು ಮರಿಯಾಗಿದ್ದಾಗಿನವು. ಬಾಯಿ ತೆರೆದಾಗ ಹೊರಗೆ ಕಾಣುತ್ತಿದ್ದದ್ದು ಹೊರಸುತ್ತಿನ ಕೆಲವೇ ಹಲ್ಲುಗಳು. ಆ ಕಲ್ಲಿನಲ್ಲಿ ಮೇಲಿನ ದವಡೆಯ ಹಲ್ಲುಗಳ ಸುಳಿವಿಲ್ಲ. ಹಲ್ಲುಗಳ ಮೇಲೆ ಸವೆದ ಗುರುತೂ ತೀರಾ ಕಡಿಮೆ. ಅಂದರೆ ಗಟ್ಟಿ ಚಿಪ್ಪು ಕಡಿಯುತ್ತಿರಲಿಲ್ಲ, ಬಹುಶಃ ಸ್ಕ್ವಿಡ್ ಥರದ ಮೆತ್ತನೆಯ ಪ್ರಾಣಿಗಳನ್ನು ತಿನ್ನುತ್ತಿತ್ತು. ಬಾಯಿ ಮುಚ್ಚುವಾಗ ಹಲ್ಲುಗಳು ಹಿಂದಕ್ಕೆ ಬಾಗಿ ಸಾಗುವುದರಿಂದ, ಮುಂದಿನವು ಬೇಟೆಯನ್ನು ಸಿಕ್ಕಿಸಿ ಎಳೆದರೆ ಹಿಂದಿನವು ಕತ್ತರಿಸುತ್ತಿದ್ದವು ಎಂದು ಆಮೇಲಿನ ಲೆಕ್ಕಾಚಾರ ಹೇಳುತ್ತದೆ.

ಸ್ಕ್ಯಾನ್‌ನಿಂದ ಗೊತ್ತಾದ ಇನ್ನೊಂದು ವಿಷಯ: ದವಡೆ ತಲೆಗೆ ಕೂಡಿಕೊಳ್ಳುವ ರೀತಿ ನೋಡಿದರೆ ಹೆಲಿಕೊಪ್ರಿಯಾನ್ ಶಾರ್ಕ್ ಅಲ್ಲವೇ ಅಲ್ಲ. ಈಗ ಆಳ ಸಮುದ್ರದಲ್ಲಿರುವ ಕೈಮೀರಾ ಮೀನುಗಳ ಕಡೆಯ ನೆಂಟ. ತಮಾಷೆ ಅಂದರೆ ಕೈಮೀರಾಗಳಿಗೆ ಇಂಥ ಚೂಪು ಹಲ್ಲೇ ಇಲ್ಲ, ಅರೆಯುವ ಫಲಕಗಳಷ್ಟೇ. ಇದೇ ಬಳಗದ ಎಡೆಸ್ಟಸ್ ಇನ್ನೂ ಹಳೆಯದು, ಸುಮಾರು 31 ಕೋಟಿ ವರ್ಷದ್ದು. ಅದಕ್ಕೆ ಮೇಲೊಂದು, ಕೆಳಗೊಂದು, ಬಾಯಿಯ ನಡುಗೆರೆಯಲ್ಲಿ ಬಾಗಿದ ಒಂಟಿ ಸಾಲು ಹಲ್ಲು.

ಸುರುಳಿಯಾಗಿ ಹಲ್ಲು ಬೆಳೆಯುವುದು ಇವುಗಳ ಹೊಸ ಆವಿಷ್ಕಾರವೇನಲ್ಲ. ಚೀನಾದ ಗ್ವೀಝೌನಲ್ಲಿ ಸಿಕ್ಕ ಕಿಯಾನೋಡಸ್ ಎಂಬ ಮೀನಿನ ಹಲ್ಲುಗಳು 43.9 ಕೋಟಿ ವರ್ಷ ಹಳೆಯವು ಎಂದು 2022ರಲ್ಲಿ ಪ್ರಕಟವಾಯಿತು. ದವಡೆ ಇರುವ ಪ್ರಾಣಿಗಳಲ್ಲಿ ಇಷ್ಟು ಹಳೆಯ ಹಲ್ಲು ಅಲ್ಲಿಯವರೆಗೆ ಸಿಕ್ಕಿರಲಿಲ್ಲ. ಅವೂ ಸುರುಳಿಗಳೇ, ಕೆಲವೇ ಮಿಲಿಮೀಟರ್ ಗಾತ್ರದವು.

ಹಲ್ಲು ಊಟದ ಬಗ್ಗೆ ಸರಿ ಹೇಳಿ, ಮೈಯ ಬಗ್ಗೆ ದಾರಿ ತಪ್ಪಿಸಿದ್ದಕ್ಕೆ ಟೈಕೋಡಸ್‌ಗಿಂತ ಒಳ್ಳೆ ಉದಾಹರಣೆ ನನಗೆ ಸಿಕ್ಕಿಲ್ಲ. ಇದು ಡೈನೊಸಾರ್ ಕಾಲದ ಕೊನೆಯ ಭಾಗದಲ್ಲಿದ್ದ ಶಾರ್ಕ್. ಹಲ್ಲುಗಳು ದಪ್ಪ, ಅಗಲ, ಮೇಲೆ ಸಾಲು ಗೆರೆಗಳು. ನೂರಾರು ಹಲ್ಲು ಒತ್ತೊತ್ತಾಗಿ ಕೂತು ಬಾಯಿತುಂಬಾ ಅರೆಯುವ ಕಲ್ಲು ಹಾಸಿದಂತಿತ್ತು. ಗಟ್ಟಿ ಚಿಪ್ಪು ಒಡೆದು ತಿನ್ನುತ್ತಿತ್ತು ಎಂಬುದರಲ್ಲಿ ಯಾರಿಗೂ ಅನುಮಾನ ಇರಲಿಲ್ಲ. ಚಿಪ್ಪು ತಿನ್ನುವ ಪ್ರಾಣಿ ಅಂದ ಮೇಲೆ ಸಮುದ್ರದ ತಳದಲ್ಲಿ ನಿಧಾನಕ್ಕೆ ಓಡಾಡಿಕೊಂಡಿದ್ದಿರಬೇಕು ಎಂದು ಬಹಳ ಜನ ಬರೆದರು. 2024ರಲ್ಲಿ ಮೆಕ್ಸಿಕೊದ ವಾಯೆಸಿಯೊ ಎಂಬಲ್ಲಿನ ಸುಣ್ಣಕಲ್ಲಿನಿಂದ ಇಡೀ ಮೈಯ ಅಚ್ಚು ಉಳಿದ ಟೈಕೋಡಸ್‌ಗಳ ವಿವರ ಬಂತು. ನೋಡಿದರೆ ಬಿಳಿ ಶಾರ್ಕ್, ಮಾಕೊ ಶಾರ್ಕ್‌ಗಳ ಬಳಗದ್ದು. ಮೈ ನೀರು ಸೀಳಿಕೊಂಡು ವೇಗವಾಗಿ ಈಜುವುದಕ್ಕೆಂದೇ ಮಾಡಿದಂತಿದೆ. ಅದು ಬಹುಶಃ ನಡುನೀರಿನಲ್ಲಿ ಈಜುವ ಅಮೋನೈಟ್ ಎಂಬ ಸುರುಳಿ ಚಿಪ್ಪಿನ ಪ್ರಾಣಿಗಳನ್ನು, ಆಮೆಗಳನ್ನು ಅಟ್ಟಿಸಿಕೊಂಡು ಹೋಗುತ್ತಿತ್ತು. ಚಿಪ್ಪು ತಿನ್ನುತ್ತಿತ್ತು ಅನ್ನೋದು ಸರಿ. ಚಿಪ್ಪು ಎಲ್ಲಿತ್ತು ಅನ್ನೋದೇ ಎಡವಿದ್ದು.

ಇಷ್ಟೆಲ್ಲ ಆದರೂ ಜನ ಕೇಳುವುದು ಮೆಗಲೊಡಾನ್ ಎಷ್ಟು ದೊಡ್ಡದಿತ್ತು ಅಂತಲೇ. ಅದರ ಹಲ್ಲು ಸುಮಾರು 18 ಸೆಂಟಿಮೀಟರ್‌ವರೆಗೆ ಸಿಕ್ಕಿದೆ. 1909ರಲ್ಲಿ ನ್ಯೂಯಾರ್ಕಿನ ಮ್ಯೂಸಿಯಂನಲ್ಲಿ ಬ್ಯಾಷ್‌ಫರ್ಡ್ ಡೀನ್ ಒಂದು ದವಡೆ ಜೋಡಿಸಿಟ್ಟರು. ಒಳಗೆ ಜನ ಆರಾಮಾಗಿ ಕೂತು ಫೋಟೊ ತೆಗೆಸಿಕೊಳ್ಳಬಹುದಿತ್ತು. ಅದನ್ನು ನೋಡಿ ಮೈ 30 ಮೀಟರ್ ಇತ್ತು ಎಂಬ ಲೆಕ್ಕ ಹುಟ್ಟಿತು. ತಪ್ಪು ಎಲ್ಲಾಯಿತೆಂದರೆ, ಬಾಯಿಯ ಮೂಲೆಯಲ್ಲಿ ಇರಬೇಕಾದ ಚಿಕ್ಕ ಹಲ್ಲುಗಳ ಜಾಗದಲ್ಲೂ ದೊಡ್ಡ ಹಲ್ಲುಗಳನ್ನೇ ಹಾಕಿದ್ದರು. ದವಡೆ ತಾನಾಗಿ ಹಿಗ್ಗಿತು. ಆಮೇಲೆ ಬಿಳಿ ಶಾರ್ಕ್‌ನ ಹಲ್ಲಿಗೂ ಮೈಗೂ ಇರುವ ಅಳತೆಯನ್ನು ಹಿಡಿದು ಲೆಕ್ಕ ಹಾಕಿ 15ರಿಂದ 20 ಮೀಟರ್ ಅಂದರು. 2025ರಲ್ಲಿ ಕೆನ್ಶು ಶಿಮಾಡಾ ತಂಡ ಹಲ್ಲನ್ನು ಬಿಟ್ಟು ಬೆನ್ನಿನ ಸರದಿಂದ ಶುರು ಮಾಡಿತು. ಬೆಲ್ಜಿಯಂನಲ್ಲಿ ಸಿಕ್ಕ ಸುಮಾರು 11 ಮೀಟರ್ ಉದ್ದದ ಸರ, ಡೆನ್ಮಾರ್ಕಿನಲ್ಲಿ ಸಿಕ್ಕ 23 ಸೆಂಟಿಮೀಟರ್ ಅಗಲದ ಬಿಡಿ ಮಣಿ, ಇವೆರಡನ್ನೂ ಹೋಲಿಸಿ ಸುಮಾರು 24 ಮೀಟರ್‌ವರೆಗೆ ಇದ್ದಿರಬಹುದು, ಮೈ ನಾವು ಅಂದುಕೊಂಡದ್ದಕ್ಕಿಂತ ಸಪೂರ ಎಂದಿತು. ಇದೂ ಕೊನೆಯ ಮಾತಲ್ಲ ಎಂದೇ ನನ್ನ ಅನುಮಾನ. ಇಡೀ ಮೈ ಇನ್ನೂ ಸಿಕ್ಕಿಲ್ಲವಲ್ಲ.

ಬಿಳಿ ಶಾರ್ಕ್ ಅಳತೆಯನ್ನು ಹಿಡಿದದ್ದಕ್ಕೆ ಕಾರಣ ಎರಡರ ಹಲ್ಲಿಗೂ ಇರುವ ಗರಗಸದ ಅಂಚು. ಮೆಗಲೊಡಾನ್ ಬಿಳಿ ಶಾರ್ಕ್‌ನ ಅಜ್ಜ ಎಂದೇ ಬಹಳ ಕಾಲ ನಂಬಿದ್ದರು. ಪೆರುವಿನಲ್ಲಿ 222 ಹಲ್ಲುಗಳ ಸಮೇತ ಸಿಕ್ಕ ಒಂದು ದವಡೆ ಈ ನಂಬಿಕೆಯನ್ನು ಅಲ್ಲಾಡಿಸಿತು. 2012ರಲ್ಲಿ ಕಾರ್ಕರೊಡಾನ್ ಹಬೆಲ್ಲಿ ಎಂದು ಹೆಸರು ಪಡೆದ ಈ ಶಾರ್ಕ್‌ನ ಹಲ್ಲಿನಲ್ಲಿ ಗರಗಸ ಅರ್ಧಂಬರ್ಧ ಮೂಡಿದೆ. ನುಣುಪು ಅಂಚಿನ ಹಳೆಯ ಶಾರ್ಕ್‌ಗೂ ಇವತ್ತಿನ ಬಿಳಿ ಶಾರ್ಕ್‌ಗೂ ನಡುವಿನ ಹಂತ ಅದು. ಮೆಗಲೊಡಾನ್ ವಂಶ ಬೇರೆಯದೇ. ಅಲ್ಲಿ ಮೊದಲು ಹಲ್ಲಿನ ಎರಡೂ ಪಕ್ಕ ಪುಟ್ಟ ಮೊನೆಗಳಿದ್ದವು, ಅಂಚು ನುಣುಪಾಗಿತ್ತು. ಕೋಟ್ಯಂತರ ವರ್ಷದಲ್ಲಿ ಗರಗಸ ಬಂತು, ಪಕ್ಕದ ಮೊನೆ ಕುಗ್ಗುತ್ತಾ ಹೋಗಿ ಮಾಯವಾಯಿತು. ಎರಡು ವಂಶ ಒಂದೇ ಥರದ ಊಟಕ್ಕೆ ಬಿದ್ದು ಒಂದೇ ಥರದ ಹಲ್ಲು ಪಡೆದವು, ಅಷ್ಟೇ.

ಆಕಾರ ಬಿಟ್ಟು ಹಲ್ಲಿನ ರಸಾಯನವನ್ನೂ ಈಗ ಓದುತ್ತಾರೆ. ಇಂಗಾಲ, ಆಮ್ಲಜನಕ ಎರಡರಲ್ಲೂ ಸ್ವಲ್ಪ ಭಾರದ ಪರಮಾಣುಗಳಿರುತ್ತವೆ. ಹಲ್ಲು ಬೆಳೆಯುವ ಜಾಗ ತಣ್ಣಗಿದ್ದಷ್ಟೂ ಭಾರದ ಇಂಗಾಲ ಭಾರದ ಆಮ್ಲಜನಕದ ಜೊತೆ ಸೇರುವುದು ಜಾಸ್ತಿ. ಆ ಜೋಡಿಗಳನ್ನು ಎಣಿಸಿದರೆ ಹಲ್ಲು ಬೆಳೆದಾಗ ಮೈ ಎಷ್ಟು ಬೆಚ್ಚಗಿತ್ತು ಎಂದು ತಿಳಿಯುತ್ತದೆ. 2023ರ ಅಧ್ಯಯನದ ಪ್ರಕಾರ ಮೆಗಲೊಡಾನ್ ಮೈ ಸರಾಸರಿ 27 ಡಿಗ್ರಿ ಸೆಲ್ಸಿಯಸ್, ಸುತ್ತಲಿನ ನೀರಿಗಿಂತ ಸುಮಾರು 7 ಡಿಗ್ರಿ ಹೆಚ್ಚು. ಅಷ್ಟು ದೊಡ್ಡ ಮೈಯನ್ನು ಬೆಚ್ಚಗಿಡಲು ಊಟವೂ ಅಷ್ಟೇ ಬೇಕು. ಊಟ ಕಡಿಮೆಯಾದಾಗ ಇದೇ ಮುಳುವಾಗಿರಬಹುದು.

ಅದು ಅಳಿದು ಸುಮಾರು 36 ಲಕ್ಷ ವರ್ಷವಾಯಿತು. "ಆಳ ಸಮುದ್ರದಲ್ಲಿ ಇನ್ನೂ ಇದೆಯಂತೆ" ಎಂಬ ಯೂಟ್ಯೂಬ್ ಕಥೆಗಳಿಗೆ ಮೂಲ ಕೂಡ ಹಲ್ಲೇ. 1870ರ ದಶಕದಲ್ಲಿ ಚಾಲೆಂಜರ್ ಎಂಬ ಬ್ರಿಟಿಷ್ ಹಡಗು ಪೆಸಿಫಿಕ್ ತಳದಿಂದ ಕೆಲವು ಮೆಗಲೊಡಾನ್ ಹಲ್ಲುಗಳನ್ನು ಎತ್ತಿತು. ಮೇಲೆ ಕೂತ ಮ್ಯಾಂಗನೀಸ್ ಪದರದ ದಪ್ಪ ಅಳೆದು, ಒಂದು ಹಲ್ಲು ಬರೀ 11,000 ವರ್ಷದ್ದು ಎಂದು 1959ರಲ್ಲಿ ಒಬ್ಬರು ಬರೆದರು. ಆದರೆ ಆ ಪದರ ಒಂದೇ ವೇಗದಲ್ಲಿ ಬೆಳೆಯುವುದಿಲ್ಲ, ನಡುವೆ ನಿಂತುಹೋಗಲೂಬಹುದು. ಸುಮ್ನೆ ದಪ್ಪ ಅಳೆದು ವಯಸ್ಸು ಹೇಳಲು ಬರುವುದಿಲ್ಲ.

ನಮ್ಮ ಕಡೆ ಇಂಥ ಹಲ್ಲು ಸಿಗುತ್ತವಾ ಎಂದರೆ, ಕರ್ನಾಟಕದ ಬಂಡೆಗಳಲ್ಲಿ ಹುಡುಕಿ ಹೆಚ್ಚು ಪ್ರಯೋಜನವಿಲ್ಲ. ರಾಜ್ಯದ ಬಹುಭಾಗದ ಕಲ್ಲು 250 ಕೋಟಿ ವರ್ಷಕ್ಕೂ ಹಳೆಯದು. ಬಾದಾಮಿಯ ಕೆಂಪು ಮರಳುಗಲ್ಲು ಕೂಡ ಹಲ್ಲಿರುವ ಯಾವ ಪ್ರಾಣಿಯೂ ಹುಟ್ಟುವ ಮೊದಲೇ ಆಗಿದ್ದು. ಉತ್ತರದ ಕಪ್ಪು ಕಲ್ಲು ಲಾವಾದಿಂದ ಆದದ್ದು. ಭಾರತದಲ್ಲಿ ಬೇರೆ ಕಡೆ ಸಿಗುತ್ತವೆ. ಜೈಸಲ್ಮೇರ್‌ನ ಜುರಾಸಿಕ್ ಬಂಡೆಗಳಿಂದ ಸಿಕ್ಕ, ಚಿಪ್ಪು ಅರೆಯುವ ಹಲ್ಲಿನ ಹೊಸ ಜಾತಿಗೆ 2021ರಲ್ಲಿ ಸ್ಟ್ರೊಫೋಡಸ್ ಜೈಸಲ್ಮೇರೆನ್ಸಿಸ್ ಎಂದು ಹೆಸರಿಟ್ಟರು. ಒಡಿಶಾದ ಬಾರಿಪದಾದಲ್ಲಿ ಮೆಗಲೊಡಾನ್ ಹಲ್ಲೇ ಸಿಕ್ಕಿದೆ. ನಮಗೆ ಹತ್ತಿರ ಅಂದರೆ ತಮಿಳುನಾಡಿನ ಅರಿಯಲೂರು ಸೀಮೆ. ಅಲ್ಲಿನ ಕಾರೈನಲ್ಲಿ ಮಳೆಗೆ ಕೊರೆದುಹೋದ ಜೇಡಿಮಣ್ಣಿನ ದಿಬ್ಬಗಳು ಸುಮಾರು 10 ಕೋಟಿ ವರ್ಷ ಹಿಂದಿನ ಸಮುದ್ರದ ತಳ. ಟೈಕೋಡಸ್ ಹಲ್ಲು ಅಲ್ಲೂ ಸಿಕ್ಕಿದೆ. ಹೋಗುವವರು ದಿಬ್ಬ ಅಗೆಯುವ ಗೋಜಿಗೆ ಹೋಗಬೇಡಿ. ಆ ಸೀಮೆಯ ಪಳೆಯುಳಿಕೆಗಳಿಗೆಂದೇ ವಾರಣವಾಸಿಯಲ್ಲಿ ಸರ್ಕಾರಿ ಮ್ಯೂಸಿಯಂ ಇದೆ.